ಗೆಳೆಯನಿಗೊಂದು ಪತ್ರ: ನಂಬದವರು ಹರಸಬಹುದೇ?

ಪ್ರೀತಿಯ ಗೆಳೆಯಾ,

ನಿನ್ನ ಕಾಗದ ಓದಿದೆ. ಓದಲು ಪರದೇಶಕ್ಕೆ ಹೊರಟ ನಿನ್ನ ವಿದ್ಯಾರ್ಥಿನಿ ‘ಆಶೀರ್ವಾದ ಮಾಡಿ ಸರ್’ ಅಂದಾಗ ನೀನು ಏನೂ ಹೇಳದೆ ಸುಮ್ಮನಾದೆಯಂತೆ. ‘ದೇವರನ್ನೇ ನಂಬದ ನಾನು ಯಾವ ಬಾಯಲ್ಲಿ ಹರಸಲಿ? ಅದು ಸುಳ್ಳಲ್ವಾ?’ ಎಂದು ಕೇಳಿದ್ದೀಯ. ಜೊತೆಗೆ ಅವಳು ಆರಿಸಿಕೊಂಡ ದಾರಿ ನಿನಗೆ ಇಷ್ಟವಿಲ್ಲ, ಹರಸಿದರೆ ಒಪ್ಪಿದಂತೆ ಆಗುತ್ತದೆ ಅನ್ನುವ ಅಳುಕು ಬೇರೆ. ನಾನು ನಂಬುವವನು, ನಿನಗೆ ಗೊತ್ತು. ಆದರೂ ಹೇಳುತ್ತೇನೆ, ನೀನು ಹರಸಬಹುದಿತ್ತು. ಹರಸಬೇಕಿತ್ತು.

ಮೊದಲು ಸುಳ್ಳಿನ ಮಾತು. ‘ಒಳ್ಳೆಯದಾಗಲಿ’ ಅನ್ನುವಾಗ ನಾವು ಯಾವ ಸುದ್ದಿಯನ್ನೂ ಹೇಳುತ್ತಿಲ್ಲ, ಭವಿಷ್ಯವನ್ನೂ ನುಡಿಯುತ್ತಿಲ್ಲ. ಇಂಗ್ಲೆಂಡಿನ ತತ್ವಜ್ಞಾನಿ ಜೆ. ಎಲ್. ಆಸ್ಟಿನ್ 1955ರಲ್ಲಿ ಹಾರ್ವರ್ಡ್‌ನಲ್ಲಿ ಕೊಟ್ಟ ಉಪನ್ಯಾಸಗಳಲ್ಲಿ ಇದನ್ನು ಬಿಡಿಸಿ ಹೇಳಿದರು. ಕೆಲವು ಮಾತು ಆಡಿದ ಕೂಡಲೇ ಒಂದು ಕೆಲಸ ನಡೆದುಹೋಗುತ್ತದೆ. ಭಾಷೆ ಕೊಡುವುದು, ಕ್ಷಮೆ ಕೇಳುವುದು, ಹೆಸರಿಡುವುದು, ಎಲ್ಲ ಹಾಗೆಯೇ. ಹರಸುವುದನ್ನೂ ಶಪಿಸುವುದನ್ನೂ ಅವರು ಇದೇ ಸಾಲಿಗೆ ಸೇರಿಸಿದರು. ಅಂಥ ಮಾತನ್ನು ನಿಜವೋ ಸುಳ್ಳೋ ಎಂದು ತೂಗಲಾಗದು. ಮನಸ್ಸಿಟ್ಟು ಆಡಿದ್ದೋ, ಬಾಯಿ ಮಾತೋ ಎಂದಷ್ಟೇ ಕೇಳಬಹುದು.

ಶಾಪವನ್ನೇ ನೋಡು. ‘ನಿನ್ನ ಮನೆ ಹಾಳಾಗಲಿ’ ಎಂದು ಯಾರಾದರೂ ಮುಖಕ್ಕೇ ಹೇಳಿದರೆ ಎಂಥ ನಾಸ್ತಿಕನಿಗೂ ಚುರ್ರೆನ್ನುತ್ತದೆ. ಮನೆ ಬಿದ್ದೇಹೋಗುತ್ತದೆ ಎಂದು ಅವನೇನೂ ಹೆದರುವುದಿಲ್ಲ. ತನ್ನ ಕೇಡು ಬಯಸುವ ಜೀವವೊಂದು ಇದೆ ಅನ್ನುವುದು ಆ ಗಳಿಗೆಯಲ್ಲಿ ಖಾತ್ರಿಯಾಗುತ್ತದೆ, ಅದು ನೋಯಿಸುತ್ತದೆ. ಶಾಪ ನಾಟಲು ನಂಬಿಕೆ ಬೇಡವಾದರೆ, ಹರಕೆಯ ಮಾತಿಗೆ ಮಾತ್ರ ಯಾಕೆ ಬೇಕು? ನಿನ್ನ ಒಳಿತು ಬಯಸುವವನು ನಾನೊಬ್ಬ ಇದ್ದೇನೆ ಎಂಬ ಖಾತ್ರಿಯನ್ನೇ ಆ ಹುಡುಗಿ ನಿನ್ನಿಂದ ಕೇಳಿದ್ದು.

ಇಷ್ಟು ಹೇಳಿದೆ ಅಂತ ಧರ್ಮದ ಭಾಷೆಯಲ್ಲಿ ಹೆಚ್ಚಿನದೇನೂ ಇಲ್ಲ ಎಂದುಕೊಳ್ಳಬೇಡ. 1979ರಲ್ಲಿ ಜೆರುಸಲೇಮಿನ ಹಿನ್ನೋಮ್ ಕಣಿವೆಯ ಪಕ್ಕದ ಹಳೆಯ ಸಮಾಧಿಯೊಂದರಲ್ಲಿ ಎರಡು ಪುಟ್ಟ ಬೆಳ್ಳಿ ಸುರುಳಿಗಳು ಸಿಕ್ಕವು. ಸುಮಾರು 2,600 ವರ್ಷ ಹಳೆಯವು. ಜತನದಿಂದ ಬಿಡಿಸಿ ನೋಡಿದರೆ ಒಳಗೆ ಕೊರೆದಿದ್ದದ್ದು ಆಶೀರ್ವಾದ! ಬೈಬಲಿನ ಅರಣ್ಯಕಾಂಡದ 6ನೇ ಅಧ್ಯಾಯದಲ್ಲಿ ಬರುವ ಮಾತುಗಳಿಗೆ ತೀರ ಹತ್ತಿರದವು. ದೇವರು ನಿನ್ನನ್ನು ಹರಸಿ ಕಾಪಾಡಲಿ, ಅವನ ಮುಖದ ಬೆಳಕು ನಿನ್ನ ಮೇಲೆ ಬೀಳಲಿ, ನಿನಗೆ ಶಾಂತಿ ಸಿಗಲಿ ಎಂಬ ಅರ್ಥದವು. ಬೈಬಲಿನ ಹೀಬ್ರೂ ಮೂಲದಲ್ಲಿ ಅದು ಬರೀ 15 ಪದ. ಮೊದಲ ಸಾಲಿಗೆ 3, ಎರಡನೆಯದಕ್ಕೆ 5, ಮೂರನೆಯದಕ್ಕೆ 7. ಸಾಲಿನಿಂದ ಸಾಲಿಗೆ ಹರಕೆ ಹಿಗ್ಗುತ್ತಾ ಹೋಗುತ್ತದೆ. ಇಡೀ ಜನಕ್ಕೆ ಹೇಳುವ ಮಾತಾದರೂ ಅಲ್ಲಿರುವುದು ‘ನೀನು’. ನೆರೆದ ಒಬ್ಬೊಬ್ಬರಿಗೂ ಅದು ಬೇರೆಯಾಗಿಯೇ ತಲುಪಬೇಕು.

ನನಗೆ ತುಂಬ ಹಿಡಿಸಿದ್ದು ಅದರ ನಂತರದ ವಚನ. ಯಾಜಕರು ನನ್ನ ಹೆಸರನ್ನು ಜನರ ಮೇಲೆ ಇಡಲಿ, ಹರಸುವವನು ನಾನು ಎಂದು ದೇವರು ಅಲ್ಲಿ ಹೇಳುತ್ತಾನೆ. ಅಂದರೆ ಯಾಜಕ ಕೊಡುವವನೇ ಅಲ್ಲ, ದಾಟಿಸುವವನು. ಅವನು ತನ್ನ ಕೈಲಾಗದ್ದನ್ನೂ ಧೈರ್ಯವಾಗಿ ಬಯಸಬಹುದು, ಕೊಡುವವನು ಬೇರೆ ಇದ್ದಾನಲ್ಲ. ನನ್ನಂಥವನಿಗೆ ಇದು ದೊಡ್ಡ ಆಸರೆ.

ಆದರೆ ದೇವರನ್ನು ಕರೆಯದೆ ಹರಸಿದವರೂ ಹಿಂದಿನಿಂದ ಇದ್ದಾರೆ. ಬೌದ್ಧರ ಮೆತ್ತ ಸುತ್ತ ಎಂಬ ಮೈತ್ರಿಯ ಸೂತ್ರದಲ್ಲಿ ಎಲ್ಲ ಜೀವಿಗಳೂ ಸುಖವಾಗಿರಲಿ ಅನ್ನುವಾಗ ಯಾರಿಗೂ ಮೊರೆಯಿಲ್ಲ. ಕಂಡ ಜೀವಿಗಳು, ಕಾಣದ ಜೀವಿಗಳು, ಹತ್ತಿರದವು, ದೂರದವು, ಹುಟ್ಟಿದವು, ಇನ್ನೂ ಹುಟ್ಟಬೇಕಾದವು, ಯಾವುದನ್ನೂ ಬಿಟ್ಟಿಲ್ಲ. ನಮ್ಮ ‘ಆಗಲಿ’ ಕೂಡ ಹಾಗೇ ಅಲ್ವಾ? ಯಾರು ಮಾಡಬೇಕು ಎಂದು ಆ ಮಾತು ಕೇಳುವುದೇ ಇಲ್ಲ. ನಾವಿಬ್ಬರೂ ಅದನ್ನು ಪೂರ್ತಿ ಮನಸ್ಸಿನಿಂದ ಹೇಳಬಹುದು.

ಇನ್ನು ಒಪ್ಪಿಗೆಯ ಪ್ರಶ್ನೆ. ಇದು ನಿನ್ನೊಬ್ಬನ ಗೊಂದಲ ಅಲ್ಲ. ಕ್ಯಾಥೊಲಿಕ್ ಚರ್ಚು ಸಲಿಂಗ ಜೋಡಿಗಳ ಸಂಬಂಧವನ್ನು ಹರಸಲಾಗದು ಎಂದು ವ್ಯಾಟಿಕನ್‌ನ ಧರ್ಮಸಿದ್ಧಾಂತದ ಕಚೇರಿ 2021ರ ಮಾರ್ಚ್‌ನಲ್ಲಿ ಹೇಳಿತು. 2023ರ ಡಿಸೆಂಬರ್ 18ರಂದು ಅದೇ ಕಚೇರಿ, ಪೋಪ್ ಫ್ರಾನ್ಸಿಸ್ ಅವರ ಸಮ್ಮತಿಯೊಂದಿಗೆ, ಮದುವೆಯ ವಿಧಿಯಂತೆ ಕಾಣದ ಹಾಗೆ ಅಂಥ ಜೋಡಿಯನ್ನು ಪಾದ್ರಿಗಳು ಹರಸಬಹುದು ಎಂದಿತು. ಆಫ್ರಿಕಾದ ಬಿಷಪ್ಪರು ಮುಂದಿನ ತಿಂಗಳೇ, ನಮ್ಮಲ್ಲಿ ಇದು ಸರಿಹೋಗದು ಅಂದರು. ಜಗಳದ ಬುಡದಲ್ಲಿದ್ದದ್ದು ನಿನ್ನ ಪ್ರಶ್ನೆಯೇ, ಹರಸುವುದೆಂದರೆ ಒಪ್ಪುವುದಾ? ಆ 2023ರ ಹೇಳಿಕೆಯ ಒಂದು ಮಾತು ನನಗೆ ಸರಿ ಅನಿಸುತ್ತದೆ. ಹರಸಿ ಎಂದು ಬಂದವರ ನಡತೆಯನ್ನೆಲ್ಲ ಮೊದಲು ಅಳೆದು, ಪಾಸಾದರೆ ಮಾತ್ರ ಹರಸುತ್ತೇವೆ ಅನ್ನಬಾರದು.

ಹಾಗಂತ ಕೇಳಿದ್ದನ್ನೆಲ್ಲ ಹರಸಬೇಕಿಲ್ಲ. ಗಾಂಧಾರಿಯನ್ನು ನೆನೆಸಿಕೋ. ಯುದ್ಧದ ಹದಿನೆಂಟು ದಿನವೂ ದುರ್ಯೋಧನ ಬಂದು, ಗೆಲ್ಲು ಎಂದು ಹರಸಮ್ಮಾ ಅನ್ನುತ್ತಾನೆ. ಧರ್ಮ ಎಲ್ಲಿದೆಯೋ ಅಲ್ಲಿ ಗೆಲುವು ಎಂದಷ್ಟೇ ಅವಳ ಉತ್ತರ. ಹೆತ್ತ ಮಗ, ನಾಳೆ ಉಳಿಯುತ್ತಾನೋ ಇಲ್ಲವೋ. ‘ಗೆಲ್ಲು ಮಗನೇ’ ಎಂದುಬಿಡುವುದು ಎಷ್ಟು ಸುಲಭವಿತ್ತು! ಅವಳು ಹೇಳಲಿಲ್ಲ. ಮಗನ ಮೇಲಿನ ಪ್ರೀತಿಯನ್ನೂ ಬಿಡಲಿಲ್ಲ. ಯುದ್ಧ ಮುಗಿದು, ಮಕ್ಕಳನ್ನೆಲ್ಲ ಕಳೆದುಕೊಂಡು ಅವಳು ಪಾಂಡವರನ್ನು ಶಪಿಸಲು ಹೊರಟಾಗ ವ್ಯಾಸರು ತಡೆಯುತ್ತಾರೆ. ತಡೆಯಲು ಅವರು ನೆನಪಿಸುವುದು ಇದೇ ಮಾತನ್ನು. ಅಂದು ಮಗನಿಗೆ ಆಡಿದ ಮಾತಿಗೆ ಇಂದು ಅವಳೇ ಕಟ್ಟುಬಿದ್ದಿದ್ದಾಳೆ.

ನಾನು ನಿನಗೆ ಹೇಳಬೇಕೆಂದಿರುವುದು ಇದನ್ನೇ. ಹರಸುವ ಮಾತು ಆಡಿದವರನ್ನೂ ಕಟ್ಟಿಹಾಕುತ್ತದೆ. ನಮ್ಮಂಥ ನಂಬುವವರೇ ಇದನ್ನು ಜಾಸ್ತಿ ಮರೆಯುತ್ತೇವೆ. ‘ದೇವರು ಒಳ್ಳೆಯದು ಮಾಡಲಿ’ ಎಂದು ಅವನ ತಲೆಗೆ ಹಾಕಿ ನಡೆದುಬಿಡುತ್ತೇವೆ. ಬಟ್ಟೆಯಿಲ್ಲದವನಿಗೆ, ಊಟವಿಲ್ಲದವನಿಗೆ ಏನೂ ಕೊಡದೆ ‘ಸಮಾಧಾನದಿಂದ ಹೋಗು, ಬೆಚ್ಚಗಿರು, ಹೊಟ್ಟೆ ತುಂಬಿಸಿಕೋ’ ಅಂದರೆ ಏನು ಪ್ರಯೋಜನ ಎಂದು ಬೈಬಲಿನಲ್ಲಿ ಯಾಕೋಬನ ಪತ್ರ ನೇರವಾಗಿ ಕೇಳುತ್ತದೆ. ಆ ಪ್ರಶ್ನೆ ನನಗೆ ಚುಚ್ಚುತ್ತದೆ.

ದಿನಬಳಕೆಯಲ್ಲಂತೂ ಈ ಮಾತು ತುಂಬ ಸವೆದಿದೆ. ದೊಡ್ಡವರ ಆಶೀರ್ವಾದ ಇದೆ ಅಂದರೆ ವಶೀಲಿ ಇದೆ ಎಂದರ್ಥ. ಮತ ಕೇಳುವವರೂ ಆಶೀರ್ವಾದ ಮಾಡಿ ಅನ್ನುತ್ತಾರೆ. ಸಿರಿವಂತರು ತಮ್ಮ ಸಿರಿಯನ್ನೇ ದೇವರ ಆಶೀರ್ವಾದ ಎಂದು ತೋರಿಸುವುದು ನನಗೆ ಸ್ವಲ್ಪವೂ ಹಿಡಿಸುವುದಿಲ್ಲ. ಹಾಗಾದರೆ ಇಲ್ಲದವರನ್ನು ದೇವರು ಕೈಬಿಟ್ಟನಾ?

ನಿನ್ನ ಹುಡುಗಿಗೆ ಒಂದು ಫೋನ್ ಮಾಡು. ದೇವರ ಹೆಸರು ಬೇಡ, ಅವಳ ಹೆಸರು ಹಿಡಿದು ಒಳ್ಳೆಯದಾಗಲಿ ಅನ್ನು. ಆ ದಾರಿ ನಿನಗಿಷ್ಟವಿಲ್ಲ ಎಂಬುದನ್ನೂ ಮುಚ್ಚಿಡಬೇಡ. ಅಲ್ಲಿ ಕಷ್ಟವಾದರೆ ಮೊದಲು ನನಗೆ ಹೇಳು ಅನ್ನು, ಹೇಳಿದಾಗ ಮಾಡಿಕೊಡು.

ಒಂದು ಮಾತ್ರ ನನಗೆ ತಿಳಿಯಬೇಕು. ಅವಳ ಒಳಿತಿನಲ್ಲಿ ನಿನ್ನ ಕೈಗೆ ಎಟುಕದ ಪಾಲೂ ಇರುತ್ತದೆ. ಆರೋಗ್ಯ, ಆಯಸ್ಸು, ಒಳ್ಳೆಯ ಜನರ ಸಹವಾಸ, ಹೀಗೆ. ಅದನ್ನು ಬಯಸುವಾಗ ನಾನಾದರೆ ಪ್ರಾರ್ಥಿಸುತ್ತೇನೆ. ನೀನು ಆ ಬಯಕೆಯನ್ನು ಏನು ಮಾಡುತ್ತೀಯ? ಬಿಡುವು ಮಾಡಿಕೊಂಡು ಬರೆ.

ನಿನ್ನ ಗೆಳೆಯ