ಕ್ವಾರಿ ಶಾಟ್‌ಗೆ ಮೊದಲು

ಕೂಸೇ,

ಮುಂದಿನ ವಾರ ಕ್ವಾರಿ ಶಾಟ್, 60 ಅಡಿ ಮೇಲಿಂದ ನೀರಿಗೆ, ಹೀರೋಯಿನ್‌ಗೆ ಡೂಪ್ ನಾನೇ ಅಂತ ಫೋನಿನಲ್ಲಿ ಕುಣಿಯುತ್ತ ಹೇಳಿದೆ. ನಾನು 'ಹೂಂ' ಅಂದು ಇಟ್ಟೆ. ಮಾತು ಮುಂದುವರಿದಿದ್ದರೆ ಜಗಳವೇ ಆಗ್ತಿತ್ತು.

ಖುಷಿ ಇಲ್ಲ ಅಂತಲ್ಲ. ನಮ್ಮ ಕಾಲದಲ್ಲಿ ಹೀರೋಯಿನ್ ಬೀಳಬೇಕು ಅಂದರೆ ಯಾವನೋ ಫೈಟರ್ ಮೀಸೆ ಬೋಳಿಸಿ, ಸೀರೆ ಉಟ್ಟು, ವಿಗ್ ಇಟ್ಟು ಬೀಳುತ್ತಿದ್ದ. ನಮ್ಮ ಯಕ್ಷಗಾನ ಆಟದ ಸ್ತ್ರೀವೇಷ ಎಷ್ಟೋ ವಾಸಿ. ಈಗ ಆ ಜಾಗದಲ್ಲಿ ನನ್ನ ಮಗಳು. ಕುಮಟೆ ಪೇಟೆಯಲ್ಲಿ ನಾಲ್ಕು ಜನಕ್ಕೆ ಹೇಳಿಯೂ ಆಯಿತು.

ಮೇಳದಲ್ಲಿದ್ದ ನನ್ನನ್ನು ಸಿನಿಮಾದವರು ಎತ್ತಿಕೊಂಡು ಹೋದದ್ದು, ಜೋನಿ ಬೆಲ್ಲಕ್ಕೆ ಕೆಂಪು ಬಣ್ಣ ಕಲಸಿ ರಕ್ತ ಮಾಡಿದ್ದು, ಸತ್ತು ಬಿದ್ದ ವಿಲನ್ ಇರುವೆ ಕಚ್ಚಿ ಎದ್ದು ಓಡಿದ್ದು, ಅದೆಲ್ಲ ನಿನಗೆ ಬಾಯಿಪಾಠ. ರಾಳದ ವಿಷಯ ಮಾತ್ರ ಇನ್ನೊಮ್ಮೆ ಕೇಳು. ಮಹಿಷಾಸುರನ ಪ್ರವೇಶಕ್ಕೆ ದೊಂದಿಯ ಮೇಲೆ ರಾಳದ ಪುಡಿ ಎರಚುತ್ತೇವಲ್ಲ, ಅದು ಮುದ್ದೆಯಾಗಿ ಬಿದ್ದರೆ ಬರೀ ಹೊಗೆ. ಗಾಳಿಯಲ್ಲಿ ಹರಡಿದರೆ ಭಗ್ ಅಂತ ಆಳೆತ್ತರದ ಉರಿ. ನಮ್ಮ ಕಡಲ ದಂಡೆಯಲ್ಲಿ ಹಗಲಿನ ಗಾಳಿ ರಾತ್ರಿಗೆ ತಿರುಗುತ್ತದೆ. ಡೈರೆಕ್ಟರ್ ಎಷ್ಟೇ ಕೂಗಲಿ, ನಾನು ಮೊದಲು ಒಂದು ಚಿಟಿಕೆ ಬೂದಿ ಹಾರಿಸಿ ನೋಡುತ್ತಿದ್ದೆ. ಆಮೇಲೇ ರಾಳಕ್ಕೆ ಕೈ.

ಈಗ ನಿನ್ನ ಕ್ವಾರಿ. ನನ್ನ ತಲೆಯಲ್ಲಿ ಕೂತಿರುವುದು 2016ರ ನವೆಂಬರ್ 7, ತಿಪ್ಪಗೊಂಡನಹಳ್ಳಿ ಜಲಾಶಯ. ಸಿನಿಮಾ ಶೂಟಿಂಗ್‌ನಲ್ಲಿ ಹೆಲಿಕಾಪ್ಟರ್‌ನಿಂದ ಮೂವರು ಹಾರಿದರು, ಇಬ್ಬರು ದಡ ಸೇರಲಿಲ್ಲ. ಅವರಿಬ್ಬರ ಮೈಮೇಲೆ ಲೈಫ್ ಜಾಕೆಟ್ ಇರಲಿಲ್ಲ. ಈಜು ಅಷ್ಟಾಗಿ ಬರಲ್ಲ ಅಂತ ಹಾರುವ ಮೊದಲೇ ಟಿವಿಯವರ ಮುಂದೆ ಹೇಳಿದ್ದರು. ಆ ವಿಡಿಯೋ ಮತ್ತೆ ಮತ್ತೆ ಬಂತು, ನಾನು ಮತ್ತೆ ಮತ್ತೆ ನೋಡಿದೆ. ಆಯಿ ಟಿವಿ ಆರಿಸಿದಳು, ನಾನು ಎದ್ದು ಮತ್ತೆ ಹಾಕಿದೆ. ಬಿದ್ದ ಮೇಲೂ ಅವರು ಕೈಕಾಲು ಬಡಿಯುತ್ತಿದ್ದರು ಕೂಸೇ. ಸುತ್ತ ಅಷ್ಟೊಂದು ಜನ. ಎತ್ತುವ ಕೈ ಮಾತ್ರ ಹೊತ್ತಿಗೆ ತಲುಪಲಿಲ್ಲ. ಅಪ್ಪ ಅನ್ನಿಸಿಕೊಂಡವನಿಗೆ ಅದನ್ನು ನೋಡಿ ಆರಾಮಾಗಿರಲು ಆಗುತ್ತಾ?

ಅಘನಾಶಿನಿಯಲ್ಲಿ ಈಜು ಕಲಿತವಳು ನಾನು ಅಂತೀಯ. ಕಲಿಸಿದವನು ನಾನೇ ಅಲ್ವಾ? ಆದರೆ ನಮ್ಮ ಅಳಿವೆಯ ಉಪ್ಪುನೀರು ಮೈಯನ್ನು ಎತ್ತಿ ಹಿಡಿಯುತ್ತದೆ. ಕ್ವಾರಿಯ ಸಿಹಿನೀರಿನಲ್ಲಿ ಆ ಆಸರೆ ಕಡಿಮೆ. 60 ಅಡಿಯಿಂದ ಬಿದ್ದರೆ ನೀರು ಮುಟ್ಟುವಾಗ ಗಂಟೆಗೆ ಹತ್ತಿರ ಹತ್ತಿರ 70 ಕಿಲೋಮೀಟರ್ ವೇಗ. ಮೈ ಸ್ವಲ್ಪ ಓರೆಯಾದರೂ ಉಸಿರು ಕಟ್ಟುತ್ತದೆ. ಆಮೇಲೆ ಯಾವ ಈಜು? ಅದರ ಮೇಲೆ ನೆನೆದು ಭಾರವಾದ ಹೀರೋಯಿನ್ನಿನ ಲಂಗ ಬೇರೆ.

ಬುದ್ಧಿ ಹೇಳಬಾರದು ಅಂತಲೇ ಬರೆಯಲು ಕೂತೆ. ಆದರೂ ಕೇಳು. ದುಡ್ಡು ಕಡಿಮೆ ಇರುವ ಸಿನಿಮಾದಲ್ಲಿ ಮೊದಲು ಕತ್ತರಿ ಬೀಳುವುದು ತೆರೆ ಮೇಲೆ ಕಾಣದ ಖರ್ಚಿಗೆ. ಬಿರಿಯಾನಿಗೆ ದುಡ್ಡಿರುತ್ತದೆ, ಆಂಬುಲೆನ್ಸಿಗೆ ಇರುವುದಿಲ್ಲ. ಹಗ್ಗಕ್ಕೆ ಕಲ್ಲು ಕಟ್ಟಿ ಇಳಿಸಿ ಆಳ ನೀನೇ ನೋಡು. ಬೋಟಿನ ಇಂಜಿನ್ ಸ್ಟಾರ್ಟ್ ಆಗಿ, ಈಜುಗಾರರು ಅದರಲ್ಲಿ ಕೂತ ಮೇಲೆ ನೀನು ಮೇಲೆ ಹತ್ತು. ಕ್ರೇನ್ ತಂದಿದ್ದರೆ ತಲೆ ಮೇಲೆ ಕರೆಂಟ್ ತಂತಿ ಇದೆಯಾ ನೋಡು. 2021ರಲ್ಲಿ ಬಿಡದಿ ಹತ್ತಿರ ಒಬ್ಬ ಫೈಟರ್ ಹೋದದ್ದು ಹಾಗೇ. ಇದರಲ್ಲಿ ಒಂದು ಇಲ್ಲ ಅಂದರೂ ಇಳಿದು ಬಾ. ಫೈಟ್ ಮಾಸ್ಟರ್ ಬೈಯಲಿ, ದಿನದ ಭತ್ಯೆ ಹೋಗಲಿ.

ಜಾಸ್ತಿ ಆಯಿತು, ಬೇಜಾರು ಮಾಡ್ಕೋಬೇಡ. ಇನ್ಶೂರೆನ್ಸ್ ಕಾಗದದ ಫೋಟೋ ನಾಳೆಯೇ ಕಳಿಸು, ಎರಡೂ ಬದಿ. ಆಯಿಗೆ ಕ್ವಾರಿ ವಿಷಯ ಹೇಳಿಲ್ಲ. ಡಾನ್ಸ್ ಶೂಟಿಂಗ್ ಅಂದಿದ್ದೇನೆ. ಕೇಳಿದರೆ ನೀನೂ ಅದನ್ನೇ ಹೇಳು.

ನಿನ್ನ
ಅಪ್ಪಯ್ಯ