ಶಿಯಾನ್‌ಗೆ ಹೊರಟ ಗೆಳೆಯನಿಗೊಂದು ಪತ್ರ

ಪ್ರೀತಿಯ ಗೆಳೆಯ,

ಅಪ್ಪನನ್ನು ಕರೆದುಕೊಂಡು ಚೀನಾಕ್ಕೆ ಹೊರಟಿದ್ದೀಯ ಅಂತ ಕೇಳಿ ತುಂಬಾ ಖುಷಿಯಾಯಿತು. ಶಿಯಾನ್‌ನಲ್ಲಿ ಒಂದು ದಿನಕ್ಕೆ ಪ್ರೈವೇಟ್ ಗೈಡ್ ಇಟ್ಟುಕೊಳ್ಳುವುದು ದಂಡವಾ ಅಂತ ಕೇಳಿದ್ದೆ. ದಂಡ ಅಲ್ಲ ಮಾರಾಯ, ಧಾರಾಳವಾಗಿ ಇಟ್ಟುಕೋ. ಆದರೆ ಆ ದಿನವನ್ನು ಪೂರ್ತಿ ಗೈಡ್ ಕೈಗೆ ಕೊಟ್ಟುಬಿಡಬೇಡ. ಏನು ನೋಡಬೇಕು, ಎಲ್ಲಿ ಜಾಸ್ತಿ ಹೊತ್ತು ನಿಲ್ಲಬೇಕು, ಏನು ಬೇಡ ಅನ್ನುವುದನ್ನು ನೀನೇ ಹೇಳಬೇಕು. ಅದಕ್ಕೇ ಅಲ್ವಾ ನಾವು ಜಾಸ್ತಿ ದುಡ್ಡು ಕೊಡುವುದು? ಫೋನಿನಲ್ಲಿ ಹೇಳಿದರೆ ಅರ್ಧ ಮರೆತುಹೋಗುತ್ತದೆ. ಅದಕ್ಕೇ ಕೂತು ಬರೆಯುತ್ತಿದ್ದೇನೆ.

ಶಿಯಾನ್ ಸಣ್ಣ ಊರಲ್ಲ. ಒಂದು ಕೋಟಿಗೂ ಮೀರಿ ಜನ ಇದ್ದಾರೆ. ಹಿಂದೆ ಇದರ ಹೆಸರು ಚಾಂಗ್‌ಆನ್. ತಾಂಗ್ ಅರಸರ ರಾಜಧಾನಿ, ರೇಷ್ಮೆ ದಾರಿಯ ಪೂರ್ವದ ತುದಿ. ನೋಡುವ ಜಾಗಗಳು ಒಂದರ ಪಕ್ಕ ಒಂದಿಲ್ಲ. ಹಳೆಯ ಚಕ್ರವರ್ತಿಯೊಬ್ಬನ ಸಮಾಧಿ ಕಾಯಲು ಹೂತಿಟ್ಟ ಮಣ್ಣಿನ ಸೈನಿಕರ ಗೊಂಬೆಗಳಿರುವ ಲಿಂಟಾಂಗ್ ಊರ ನಡುವಿನಿಂದ ಪೂರ್ವಕ್ಕೆ ಸುಮಾರು 40 ಕಿಲೋಮೀಟರ್. ಗುಂಪಿನ ಟೂರಿನವರು ಸೈನಿಕರು, ಬಿಸಿನೀರಿನ ಬುಗ್ಗೆಯ ಅರಮನೆ, ಕೋಟೆ, ಪಗೋಡ, ಮಸೀದಿ ಎಲ್ಲವನ್ನೂ ಒಂದೇ ದಿನಕ್ಕೆ ತುರುಕುತ್ತಾರೆ. ಬಾವುಟ ಹಿಡಿದವರ ಹಿಂದೆ ಓಡುವುದೇ ಕೆಲಸವಾಗುತ್ತದೆ. ವಯಸ್ಸಾದ ಅಪ್ಪನಿಗೆ ಅದು ಆಗುವ ಮಾತಲ್ಲ.

ನಾನು, ನನ್ನ ಹೆಂಡತಿ ಹೋಗುವ ಮೊದಲೇ ಗೈಡ್‌ಗೆ ಮೆಸೇಜ್ ಬರೆದಿದ್ದೆವು. ಅಂಗಡಿಗೆ ಕರೆದುಕೊಂಡು ಹೋಗಬೇಡಿ, ಗೊಂಬೆ ಮಾಡುವ ಕಾರ್ಖಾನೆಯೂ ಬೇಡ, ಜೇಡ್ ಕಲ್ಲಿನ ಮಳಿಗೆಯೂ ಬೇಡ. ಹಣ ಎಷ್ಟು, ಅದರಲ್ಲಿ ಕಾರು, ಡ್ರೈವರ್, ಪಾರ್ಕಿಂಗ್ ಸೇರಿದೆಯಾ, ಟಿಕೆಟ್ ಬೇರೆಯಾ ಅಂತ ಬಿಡಿಸಿ ಕೇಳಿದ್ದೆವು. ನೀನೂ ಇದನ್ನೇ ಮಾಡು. ಅಲ್ಲಿ ಗೈಡ್‌ಗಳಿಗೆ ಸರ್ಕಾರದ ಕಾರ್ಡ್ ಇರುತ್ತದೆ, ಅದನ್ನು ಕೇಳಿ ನೋಡುವುದರಲ್ಲಿ ಸಂಕೋಚ ಬೇಡ. ಟಿಕೆಟ್‌ಗೆ ಪಾಸ್‌ಪೋರ್ಟ್ ನಂಬರ್ ಬೇಕು. ಅದನ್ನು ಮೊದಲೇ ಕಳಿಸಿದರೆ ಅವರೇ ಬುಕ್ ಮಾಡುತ್ತಾರೆ. ಅವತ್ತು ಮಾತ್ರ ಪಾಸ್‌ಪೋರ್ಟನ್ನು ಹೋಟೆಲಿನಲ್ಲಿ ಬಿಟ್ಟು ಹೋಗಬೇಡ, ಗೇಟಿನಲ್ಲಿ ಕೇಳುತ್ತಾರೆ.

ಈಗ ಸೈನಿಕರ ವಿಷಯ. ಇದಕ್ಕೆ ಅರ್ಧ ದಿನ ಬೇಕೇ ಬೇಕು. ಬೆಳಿಗ್ಗೆ ಬಾಗಿಲು ತೆಗೆಯುವ ಹೊತ್ತಿಗೆ ಅಲ್ಲಿರಬೇಕು ಅಂತ ಹೇಳಿಬಿಡು.

ಕಾರಿನಲ್ಲಿ ಹೋಗುವಾಗಲೇ ನಮ್ಮ ಗೈಡ್ ಕಥೆ ಶುರು ಮಾಡಿದರು. 1974ರ ಮಾರ್ಚ್ ತಿಂಗಳು. ನೀರಿಲ್ಲದೆ ಅಲ್ಲಿನ ರೈತರು ಬಾವಿ ತೋಡುತ್ತಿದ್ದರು. ನೀರು ಸಿಗುವ ಮೊದಲು ಮಣ್ಣಿನ ಗೊಂಬೆಯ ಚೂರುಗಳು ಸಿಕ್ಕವು. ಅದು ಚೀನಾವನ್ನು ಮೊದಲ ಬಾರಿಗೆ ಒಂದು ಮಾಡಿದ ಚಿನ್ ಶಿ ಹುವಾಂಗ್ ಚಕ್ರವರ್ತಿಯ ಸಮಾಧಿಯನ್ನು ಕಾಯಲು ಹೂತಿಟ್ಟ ಸೈನ್ಯ. ಅವನು ಪಟ್ಟಕ್ಕೆ ಬಂದಾಗ ಹದಿಮೂರು ವರ್ಷ. ಕ್ರಿ.ಪೂ. 221ರಲ್ಲಿ ಎಲ್ಲ ರಾಜ್ಯಗಳನ್ನು ಗೆದ್ದ, ಕ್ರಿ.ಪೂ. 210ರಲ್ಲಿ ತೀರಿಕೊಂಡ. ಇಷ್ಟನ್ನು ದಾರಿಯಲ್ಲೇ ಕೇಳಿಕೊಂಡರೆ ಒಳಗೆ ಹೋದ ಮೇಲೆ ಸುಮ್ನೆ ನೋಡುತ್ತಾ ನಿಲ್ಲಬಹುದು.

ಸೈನಿಕರು ಸಿಕ್ಕ ಮೊದಲ ಗುಂಡಿ 230 ಮೀಟರ್ ಉದ್ದ, 62 ಮೀಟರ್ ಅಗಲ. ಬಾಗಿಲ ಹತ್ತಿರ ಎಲ್ಲರೂ ಫೋನ್ ಎತ್ತಿ ಹಿಡಿದು ನೂಕಾಡುತ್ತಾರೆ. ಅಲ್ಲಿ ಜಾಸ್ತಿ ನಿಲ್ಲಬೇಡ. ಪಕ್ಕದ ಕಟ್ಟೆಯ ಮೇಲೆ ನಡೆಯುತ್ತಾ ಹೋಗು. ಸೈನಿಕರ ಸಾಲುಗಳ ನಡುವೆ ಬಡಿದು ಗಟ್ಟಿ ಮಾಡಿದ ಮಣ್ಣಿನ ಗೋಡೆಗಳಿವೆ. ಅವುಗಳ ನೆತ್ತಿ ಅಲೆ ಅಲೆಯಾಗಿ ತಗ್ಗಿದೆ. ಏಕೆ ಅಂತ ನನ್ನ ಹೆಂಡತಿ ಕೇಳಿದಳು. ಮೇಲೆ ಮರದ ದಿಮ್ಮಿಗಳನ್ನು ಜೋಡಿಸಿ ಮಾಡು ಮಾಡಿದ್ದರಂತೆ. ಗುಂಡಿಗೆ ಬೆಂಕಿ ಬಿದ್ದು ದಿಮ್ಮಿಗಳು ಸುಟ್ಟು ಕುಸಿದವು, ಮಣ್ಣಿನಲ್ಲಿ ಅವುಗಳ ಅಚ್ಚು ಉಳಿಯಿತು. ಆ ಕುಸಿತದಲ್ಲೇ ಸೈನಿಕರೆಲ್ಲ ನುಚ್ಚುನೂರಾದದ್ದು. ನಾವು ನೋಡುವ ನಿಂತ ಸೈನಿಕರನ್ನು ಚೂರು ಚೂರು ಹುಡುಕಿ ಅಂಟಿಸಿದ್ದಾರೆ. ಗುಂಡಿಯ ಹಿಂದಿನ ತುದಿಯಲ್ಲಿ ಆ ಕೆಲಸ ಇನ್ನೂ ನಡೆಯುತ್ತಿದೆ. ಅರ್ಧ ಮೈ ಜೋಡಿಸಿದವರು, ತಲೆ ಇಲ್ಲದವರು ಅಲ್ಲಿ ನಿಂತಿದ್ದಾರೆ. ಗುಂಪಿನವರು ಅಷ್ಟು ದೂರ ಬರುವುದೇ ಕಡಿಮೆ. ಅಪ್ಪನಿಗೆ ಅಲ್ಲೇ ಹೆಚ್ಚು ಹೊತ್ತು ಬೇಕಾಗಬಹುದು, ಅವಸರ ಮಾಡಬೇಡ.

ಎರಡನೇ ಗುಂಡಿಯಲ್ಲಿ ಗಾಜಿನ ಪೆಟ್ಟಿಗೆಯೊಳಗೆ ಮಂಡಿಯೂರಿ ಕೂತ ಬಿಲ್ಲುಗಾರ ಇದ್ದಾನೆ. ತಗ್ಗಿ ಕೂತಿದ್ದರಿಂದ ಮಾಡು ಬಿದ್ದಾಗಲೂ ಇಂಥವರು ನಿಂತವರಷ್ಟು ಒಡೆಯಲಿಲ್ಲ. ಎಲ್ಲರೂ ಅವನ ಮುಖ ನೋಡಿ ಮುಂದೆ ಹೋಗುತ್ತಿದ್ದರು. ನಮ್ಮ ಗೈಡ್ ನಮ್ಮನ್ನು ಹಿಂದಕ್ಕೆ ಕರೆದು, ಬಗ್ಗಿ ಅವನ ಪಾದ ನೋಡಿ ಅಂದರು. ಹಿಂದಕ್ಕೆ ಮಡಿಸಿದ ಕಾಲಿನ ಅಟ್ಟೆ ಕಾಣುತ್ತದೆ. ಅಟ್ಟೆಯ ತುಂಬಾ ದಾರದ ಹೊಲಿಗೆಯ ಚುಕ್ಕೆಗಳು. ಬೆರಳ ಕಡೆ, ಹಿಮ್ಮಡಿ ಕಡೆ ಒತ್ತೊತ್ತಾಗಿವೆ, ನಡುವೆ ಬಿಡಿಬಿಡಿ. ನಡೆಯುವಾಗ ಎಲ್ಲಿ ಸವೆಯುತ್ತದೆಯೋ ಅಲ್ಲಿ ಹೊಲಿಗೆ ಜಾಸ್ತಿ. ಮಣ್ಣಿನಡಿ ಹೂಳುವ ಗೊಂಬೆಯ ಚಪ್ಪಲಿಯ ಅಡಿಗೆ ಎರಡು ಸಾವಿರ ವರ್ಷದ ಹಿಂದೆ ಯಾರೋ ಒಬ್ಬ ಕೂತು ಇಷ್ಟು ಮುತುವರ್ಜಿ ವಹಿಸಿದ್ದಾನೆ. ನನಗೆ ಅಲ್ಲಿಂದ ಕಾಲು ಕೀಳಲು ಮನಸ್ಸಾಗಲಿಲ್ಲ. ಅವರು ನಮ್ಮನ್ನು ಎಬ್ಬಿಸಲೂ ಇಲ್ಲ. ಬೇರೆ ಯಾರನ್ನೂ ಕಾಯಿಸಬೇಕಿಲ್ಲದ ಆ ಹತ್ತು ನಿಮಿಷಕ್ಕೇ ಇಡೀ ದಿನದ ಗೈಡ್ ಖರ್ಚು ಸಾರ್ಥಕ ಅನ್ನಿಸಿತು ನನಗೆ.

ಈ ಸೈನಿಕರಿಗೆಲ್ಲ ಮೊದಲು ಬಣ್ಣ ಇತ್ತು. ಕೆಂಪು, ಹಸಿರು, ನೇರಳೆ. ಬಣ್ಣದ ಅಡಿಯ ಮೆರುಗಿನ ಪದರ ಮಣ್ಣಿನಿಂದ ಹೊರಗೆ ಬಂದು ಗಾಳಿ ತಾಗಿದ ಕೆಲವೇ ನಿಮಿಷಗಳಲ್ಲಿ ಒಣಗಿ ಸುರುಳಿಯಾಗಿ ಉದುರುತ್ತಿತ್ತು. ಆ ನಷ್ಟ ನೋಡಿದ ಮೇಲೆ ಅಗೆಯುವವರು ನಿಧಾನ ಮಾಡಿದರು. ದೊಡ್ಡ ಸಮಾಧಿ ದಿಬ್ಬವನ್ನಂತೂ ಇನ್ನೂ ತೆರೆದಿಲ್ಲ. ಅದರೊಳಗೆ ಪಾದರಸದ ನದಿಗಳನ್ನು ಹರಿಸಿದ್ದರು ಅಂತ ಸಿಮಾ ಚಿಯೆನ್ ಎಂಬ ಹಳೆಯ ಇತಿಹಾಸಕಾರ ಬರೆದಿದ್ದಾನೆ. ದಿಬ್ಬದ ಮಣ್ಣು ಪರೀಕ್ಷೆ ಮಾಡಿದಾಗ ಪಾದರಸ ಜಾಸ್ತಿಯೇ ಕಂಡಿದೆ. ಕೈಯಲ್ಲಿ ಆಗುತ್ತದೆ ಅಂತ ತೆರೆದುಬಿಡದೆ, ಸರಿಯಾಗಿ ಕಾಪಾಡುವ ದಾರಿ ಸಿಗುವವರೆಗೆ ಕಾಯುತ್ತಿದ್ದಾರಲ್ಲ, ಅದು ನನಗೆ ತುಂಬಾ ಹಿಡಿಸಿತು.

ಇನ್ನೊಂದು ಮಾತು. ಅಲ್ಲಿ ಸಿಕ್ಕ ಕತ್ತಿಗಳಿಗೆ ಆ ಕಾಲದಲ್ಲೇ ಕ್ರೋಮಿಯಂ ಲೇಪನ ಮಾಡಿದ್ದರು, ಅದಕ್ಕೇ ತುಕ್ಕು ಹಿಡಿದಿಲ್ಲ ಅಂತ ಬಹಳ ವರ್ಷ ಹೇಳುತ್ತಿದ್ದರು. ಆ ಕ್ರೋಮಿಯಂ ಪಕ್ಕದ ಮೆರುಗೆಣ್ಣೆಯಿಂದ ಬಂದದ್ದು ಅಂತ 2019ರಲ್ಲಿ ವಿಜ್ಞಾನಿಗಳು ತೋರಿಸಿದರು. ಇದನ್ನು ನಿಮ್ಮ ಗೈಡ್ ಹತ್ತಿರ ಕೇಳಿ ನೋಡು. ನಮ್ಮವರು ಹಳೆಯ ಕಥೆ, ಹೊಸ ಸಂಶೋಧನೆ ಎರಡನ್ನೂ ಹೇಳಿದರು. ಒಳ್ಳೆಯ ಗೈಡ್ ಅಂದರೆ ಹೀಗಿರಬೇಕು. ಕಂಚಿನ ರಥಗಳು ಈಗ ಸಮಾಧಿ ದಿಬ್ಬದ ಉದ್ಯಾನದ ಬೇರೆ ಮ್ಯೂಸಿಯಂನಲ್ಲಿವೆ. ಟಿಕೆಟ್ ಅದೇ, ಬಸ್ಸು ಬಿಡುತ್ತಾರೆ. ಅಪ್ಪನಿಗೆ ಆಯಾಸ ಇಲ್ಲದಿದ್ದರೆ ತಪ್ಪಿಸಬೇಡ.

ಊಟದ ವಿಷಯಕ್ಕೆ ಬರುತ್ತೇನೆ. ಅಪ್ಪ ಶುದ್ಧ ಸಸ್ಯಾಹಾರಿ ಅಲ್ವಾ? ಮಾಂಸ ಇಲ್ಲ ಅಂದರೆ ಸಾಲದು. ಮೀನು, ಮೊಟ್ಟೆ, ಮಾಂಸದ ಸಾರು, ಯಾವುದೂ ಬೇಡ ಅಂತ ಚೀನೀ ಭಾಷೆಯಲ್ಲಿ ಒಂದು ಚೀಟಿ ಬರೆಸಿಕೋ. ನನ್ನ ಹೆಂಡತಿಗೆ ಗೈಡ್ ಅದನ್ನೇ ಬರೆದುಕೊಟ್ಟರು, ಗೈಡ್ ಇಲ್ಲದ ದಿನಗಳಲ್ಲೂ ಅದೇ ಕಾಪಾಡಿತು. ಅವಳಿಗೆ ಸೇರಿದ್ದು ಲಿಯಾಂಗ್‌ಪಿ. ಅಗಲವಾಗಿ ಕತ್ತರಿಸಿದ ತಣ್ಣನೆಯ ಶ್ಯಾವಿಗೆ, ಮೇಲೆ ವಿನೆಗರ್, ಬೆಳ್ಳುಳ್ಳಿ, ಕೆಂಪು ಮೆಣಸಿನ ಎಣ್ಣೆ, ಸೌತೆಕಾಯಿ. ಖಾರ ಚೆನ್ನಾಗಿರುತ್ತದೆ. ಅಂಟಕ್ಕಿಗೆ ಎಲಚಿ ಜಾತಿಯ ಕೆಂಪು ಹಣ್ಣು ಸೇರಿಸಿ ಹಬೆಯಲ್ಲಿ ಬೇಯಿಸಿದ ಒಂದು ಸಿಹಿಯೂ ಸಿಗುತ್ತದೆ, ಅದನ್ನೂ ಅಪ್ಪ ತಿನ್ನಬಹುದು. ನೀನು ಮಾಂಸ ತಿನ್ನುತ್ತೀಯಲ್ಲ, ಪಾವೊಮೊ ತಿನ್ನು. ಗಟ್ಟಿ ರೊಟ್ಟಿಯೊಂದನ್ನು ಬಟ್ಟಲಲ್ಲಿ ಇಟ್ಟು ಕೊಡುತ್ತಾರೆ. ಅದನ್ನು ನೀನೇ ಕೈಯಲ್ಲಿ ಸಣ್ಣ ಸಣ್ಣ ಚೂರು ಮಾಡಬೇಕು. ಆಮೇಲೆ ಅಡುಗೆಮನೆಗೆ ಒಯ್ದು ಕುರಿ ಮಾಂಸದ ಸಾರಿನಲ್ಲಿ ಬೇಯಿಸಿ ತರುತ್ತಾರೆ. ಚೂರು ಮಾಡುವಷ್ಟು ಹೊತ್ತೂ ಹರಟೆ ಹೊಡೆಯಬಹುದು.

ಮಧ್ಯಾಹ್ನ ದೊಡ್ಡ ಬಾತು ಪಗೋಡಕ್ಕೆ ಹೋಗಿ. ಇದನ್ನು ಅಪ್ಪನಿಗಾಗಿ ಹೇಳುತ್ತಿದ್ದೇನೆ. ಹ್ಯೂಯೆನ್ ತ್ಸಾಂಗ್ ಬಗ್ಗೆ ನಮಗೆ ಪಾಠ ಮಾಡಿದ್ದು ಅವರೇ ಅಲ್ವಾ? ಆತ ಭಾರತಕ್ಕೆ ಬಂದು, ನಾಲಂದಾದಲ್ಲಿ ಓದಿ, 645ರಲ್ಲಿ ಈ ಊರಿಗೇ ವಾಪಸ್ ಬಂದ. 657 ಗ್ರಂಥಗಳನ್ನು ಕುದುರೆಗಳ ಮೇಲೆ ಹೇರಿಕೊಂಡು ಬಂದಿದ್ದ. ಅವುಗಳನ್ನು ಕಾಪಾಡಲು 652ರಲ್ಲಿ ಕಟ್ಟಿಸಿದ್ದೇ ಈ ಪಗೋಡ. ಈಗ ಏಳು ಅಂತಸ್ತು, 64 ಮೀಟರ್ ಎತ್ತರ. ಒಳಗೆ ಮರದ ಮೆಟ್ಟಿಲು ಕಡಿದಾಗಿವೆ, ಅಪ್ಪ ಹತ್ತುವುದು ಬೇಡ. ಕೆಳಗಿನ ದಕ್ಷಿಣ ಬಾಗಿಲ ಎರಡು ಪಕ್ಕ 653ರ ಕಲ್ಲು ಶಾಸನಗಳಿವೆ. ಅವರಿಗೆ ಅದೇ ಬೇಕಾದ್ದು.

ಇದೇ ಮನುಷ್ಯ ನಮ್ಮ ಇಮ್ಮಡಿ ಪುಲಕೇಶಿಯ ನಾಡಿನಲ್ಲೂ ಓಡಾಡಿದವನು. ರಾಜನ ಹೆಸರನ್ನೂ ಬರೆದಿದ್ದಾನೆ. ಹರ್ಷ ದೊಡ್ಡ ಸೈನ್ಯ ಕಟ್ಟಿಕೊಂಡು ಬಂದರೂ ಈ ಜನರನ್ನು ಬಗ್ಗಿಸಲಾಗಲಿಲ್ಲ ಅಂತ ಬರೆದಿದ್ದಾನೆ. ಉಪಕಾರ ಮಾಡಿದವರನ್ನು ಇವರು ಮರೆಯುವುದಿಲ್ಲ, ಕೆಡುಕು ಮಾಡಿದವರನ್ನು ಬಿಡುವುದಿಲ್ಲ, ಯುದ್ಧಕ್ಕೆ ಮೊದಲು ಆನೆಗಳಿಗೆ ಮದ್ಯ ಕುಡಿಸುತ್ತಾರೆ ಅಂತೆಲ್ಲ ಇದೆ. ಹರ್ಷನ ಸೋಲಿನ ಮಾತು 634ರ ಐಹೊಳೆ ಶಾಸನದಲ್ಲೂ ಇದೆ. ಪುಲಕೇಶಿಯ ಆಸ್ಥಾನದ ರವಿಕೀರ್ತಿ ಹೊಗಳಿ ಬರೆದದ್ದನ್ನು ಎಲ್ಲಿಂದಲೋ ಬಂದ ಯಾತ್ರಿಕನೊಬ್ಬ ತಾನೂ ಕೇಳಿ ಬರೆದುಕೊಂಡು ಹೋಗಿದ್ದಾನೆ. ನಾನು ಗೈಡ್‌ಗೆ ಇದನ್ನು ಹೇಳಿದೆ. ನಾಲಂದಾ ಅವರಿಗೆ ಚೆನ್ನಾಗಿ ಗೊತ್ತಿತ್ತು, ಪುಲಕೇಶಿ ಗೊತ್ತಿರಲಿಲ್ಲ. ಬಾದಾಮಿಯ ಗುಹೆಗಳ ಫೋಟೋ ತೋರಿಸಿದೆ. ಹೆಸರು ಬಿಡಿಸಿ ಹೇಳಿಸಿಕೊಂಡು ತಮ್ಮ ಫೋನಿನಲ್ಲಿ ಬರೆದುಕೊಂಡರು. ಆಮೇಲಿನ ಒಂದು ಗಂಟೆ ಟೂರು ಹೋಗಿ ಮಾತುಕತೆ ಆಯಿತು. ಅಪ್ಪನಂಥ ಮೇಷ್ಟ್ರು ಜೊತೆಗಿದ್ದರೆ ಇನ್ನೆಷ್ಟು ಚೆನ್ನಾಗಿರುತ್ತಿತ್ತು ಅಂತ ಆಗಲೇ ಅಂದುಕೊಂಡಿದ್ದೆ.

ಕೋಟೆ ಗೋಡೆಗೆ ಸಂಜೆ ಹೋದರೆ ಸಾಕು. ಮಿಂಗ್ ಅರಸರ ಕಾಲದ್ದು, ಸುತ್ತಳತೆ 13.7 ಕಿಲೋಮೀಟರ್, 12 ಮೀಟರ್ ಎತ್ತರ. ಮೇಲೆ ರಸ್ತೆಯಷ್ಟು ಅಗಲ ಇದೆ, ಬಾಡಿಗೆ ಸೈಕಲ್ ಸಿಗುತ್ತದೆ. ಅಪ್ಪನಿಗೆ ಬ್ಯಾಟರಿ ಗಾಡಿ ಇದೆ. ದಕ್ಷಿಣ ಬಾಗಿಲಿನಿಂದ ಹತ್ತಿ.

ಕತ್ತಲಾದ ಮೇಲೆ ಮುಸ್ಲಿಂ ಓಣಿಯಲ್ಲಿ ವಿಪರೀತ ಜನ. ಅದಕ್ಕೇ ಅಲ್ಲಿನ ದೊಡ್ಡ ಮಸೀದಿಯನ್ನು ಹಗಲಿನಲ್ಲೇ ನೋಡಬೇಕು. ಒಂದೇ ದಿನಕ್ಕೆ ಹಿಡಿಸುವುದಿಲ್ಲ, ಮರುದಿನ ಬೆಳಿಗ್ಗೆ ನೀವಿಬ್ಬರೇ ಹೋಗಿ. ಗೈಡ್ ಬೇಕಿಲ್ಲ. ಈ ಮಸೀದಿಗೆ ಗುಮ್ಮಟ ಇಲ್ಲ. ಹೆಂಚಿನ ಮಾಡು, ಒಂದರ ಹಿಂದೆ ಒಂದು ಅಂಗಳ, ಮಿನಾರಿನ ಜಾಗದಲ್ಲಿ ಎಂಟು ಮೂಲೆಯ ಮರದ ಗೋಪುರ. ಪ್ರಾರ್ಥನೆಯ ಹಾಲ್ ಒಳಗೆ ಬೇರೆಯವರನ್ನು ಬಿಡುವುದಿಲ್ಲ, ಅಂಗಳದಲ್ಲಿ ಎಷ್ಟು ಹೊತ್ತು ಬೇಕಾದರೂ ಕೂರಬಹುದು.

ಅಕ್ಟೋಬರ್ ಮೊದಲ ವಾರ ಮತ್ತು ಮೇ ಒಂದರ ರಜೆಯ ದಿನಗಳಲ್ಲಿ ಮಾತ್ರ ಹೋಗಬೇಡ. ಇಡೀ ಚೀನಾ ರಜೆಯಲ್ಲಿರುತ್ತದೆ. ದುಡ್ಡು ಕೊಡಲು ಅಲಿಪೇ ಆ್ಯಪ್ ಇಲ್ಲೇ ಹಾಕಿಕೊಂಡು ಕಾರ್ಡ್ ಸೇರಿಸಿಕೋ, ಅಲ್ಲಿ ತಳ್ಳುಗಾಡಿಯವರೂ ಕ್ಯೂಆರ್ ಕೋಡ್ ತೋರಿಸುತ್ತಾರೆ. ಗೂಗಲ್, ವಾಟ್ಸಾಪ್ ಅಲ್ಲಿನ ಹೋಟೆಲ್ ವೈಫೈನಲ್ಲಿ ತೆರೆಯುವುದಿಲ್ಲ, ರೋಮಿಂಗ್ ಸಿಮ್ ತೆಗೆದುಕೊಂಡು ಹೋಗು.

ಗೈಡ್‌ಗೆ ಕಳಿಸುವ ಮೆಸೇಜನ್ನು ನೀನು ಬರೆದು ನನಗೊಮ್ಮೆ ತೋರಿಸು, ಬಿಟ್ಟುಹೋದದ್ದು ಇದ್ದರೆ ಸೇರಿಸುತ್ತೇನೆ. ಅಪ್ಪ ಅಲ್ಲಿ ಏನೇನು ಕೇಳಬೇಕು ಅಂದುಕೊಂಡಿದ್ದಾರೋ ಅದನ್ನೂ ಅದರಲ್ಲಿ ಬರಿ, ಗೈಡ್ ಓದಿಕೊಂಡು ಬರುತ್ತಾರೆ. ಅಪ್ಪನಿಗೆ ನನ್ನ ನಮಸ್ಕಾರ ಹೇಳು.

ಇಂತಿ ನಿನ್ನ ಗೆಳೆಯ