ಗದರಿದರೆ ಮಾತ್ರ ಕಲಿಯುವ ಮಕ್ಕಳು

ಪ್ರೀತಿಯ ಪುಟ್ಟಿಗೆ, ದೊಡ್ಡಪ್ಪನ ಆಶೀರ್ವಾದ.

ಗದರಿದರೆ ಮಾತ್ರ ಮಕ್ಕಳು ಲೆಕ್ಕ ಮಾಡ್ತಾರೆ ಅಂತ ಬರೆದಿದ್ದೀಯ. ಬಿ.ಎಡ್.ನಲ್ಲಿ ಮನಶ್ಶಾಸ್ತ್ರಜ್ಞ ಬಿ.ಎಫ್. ಸ್ಕಿನ್ನರ್ ಬಗ್ಗೆ ಓದಿ, ಪರೀಕ್ಷೆ ಬರೆದು ಮರೆತಿರುತ್ತೀಯ. ಈಗ ಇನ್ನೊಮ್ಮೆ ಓದು.

ಅವರು ಹುಟ್ಟಿದ್ದು 1904ರಲ್ಲಿ, ಅಮೆರಿಕದ ಪೆನ್ಸಿಲ್ವೇನಿಯಾದಲ್ಲಿ. ಲೇಖಕನಾಗಲು ಹೊರಟು, ಬರೆಯೋಕೆ ತನ್ನ ಹತ್ತಿರ ಏನೂ ಇಲ್ಲ ಅನ್ನಿಸಿ, ಹಾರ್ವರ್ಡ್‌ಗೆ ಮನಶ್ಶಾಸ್ತ್ರ ಓದಲು ಹೋದರು. ಲಿವರ್ ಒತ್ತಿದರೆ ತಿಂಡಿ ಬೀಳುವ ಪೆಟ್ಟಿಗೆಯಲ್ಲಿ ಇಲಿ ಮತ್ತೆ ಮತ್ತೆ ಲಿವರ್ ಒತ್ತಲು ಕಲಿತ ಕಥೆ ನಿನಗೆ ಗೊತ್ತು. ಅವರ 1938ರ ಪುಸ್ತಕದಲ್ಲಿ ಇನ್ನೊಂದು ಪ್ರಯೋಗ ಇದೆ. ತಿಂಡಿ ನಿಲ್ಲಿಸಿ, ಕೆಲವು ಇಲಿಗಳಿಗೆ ಲಿವರ್ ಒತ್ತಿದಾಗ ಕಾಲಿಗೆ ಏಟು ಬೀಳುವ ಹಾಗೆ ಮಾಡಿದರು. ಅವು ತಕ್ಷಣ ಹಿಂದೆ ಸರಿದವು. ಏಟು ನಿಂತ ಮೇಲೆ ಮತ್ತೆ ಶುರು. ಕೊನೆಗೆ ನೋಡಿದರೆ, ಏಟು ತಿನ್ನದ ಇಲಿಗಳು ಒತ್ತಿದಷ್ಟೇ ಹೆಚ್ಚುಕಡಿಮೆ ಇವೂ ಒತ್ತಿದ್ದವು. ಏಟು ಜೋರಾದರೆ ಪರಿಣಾಮ ಜಾಸ್ತಿ ದಿನ ಉಳಿಯುತ್ತದೆ ಎಂದು ಆಮೇಲೆ ಬೇರೆಯವರು ತೋರಿಸಿದರು, ನಿಜ. ಆದರೆ 23ರಲ್ಲಿ 7 ಕಳೆಯೋದು ಹೇಗೆ ಅಂತ ಯಾವ ಏಟೂ ಹೇಳಿಕೊಡಲ್ಲ, ಅಲ್ವಾ?

1953ರಲ್ಲಿ ಅವರು ಮಗಳ ನಾಲ್ಕನೇ ತರಗತಿಯ ಗಣಿತ ಪಾಠ ನೋಡಲು ಹೋದರು. ಕೆಲವು ಮಕ್ಕಳು ಬೇಗ ಮುಗಿಸಿ ಸುಮ್ನೆ ಕೂತಿದ್ದರು. ಕೆಲವರು ತಡಕಾಡುತ್ತಿದ್ದರು. ಮಾಡಿದ್ದು ಸರಿಯೋ ತಪ್ಪೋ ಯಾರಿಗೂ ಆಗಲೇ ತಿಳಿಯುತ್ತಿರಲಿಲ್ಲ. ಸ್ಕಿನ್ನರ್ ತಪ್ಪನ್ನು ಟೀಚರ್ ಮೇಲೆ ಹಾಕಲಿಲ್ಲ. ಸಣ್ಣ ಸಣ್ಣ ಹೆಜ್ಜೆಯಲ್ಲಿ ಕಲಿಸಿ, ಕೂಡಲೇ ಉತ್ತರ ತೋರಿಸುವ ಯಂತ್ರ ಮಾಡಲು ಕೂತರು.

ನಿನಗೆ ಯಂತ್ರ ಬೇಡ. ಹತ್ತು ಲೆಕ್ಕದ ಬದಲು ಎರಡು ಕೊಡು. ಮಕ್ಕಳ ಮಧ್ಯೆ ಓಡಾಡಿ ಅಲ್ಲೇ ನೋಡು. ಬರೀ ‘ಜಾಣ’ ಅನ್ನಬೇಡ, ‘ಹತ್ತರ ಮನೆಯಿಂದ ಸರಿಯಾಗಿ ಸಾಲ ತಗೊಂಡೆ’ ಅನ್ನು. ಅಭ್ಯಾಸ ಕುದುರಿದ ಮೇಲೆ ಆಗೊಮ್ಮೆ ಈಗೊಮ್ಮೆ ಹೊಗಳಿದರೆ ಸಾಕು. ಹಾಗೆ ಬಂದ ಅಭ್ಯಾಸ ಜಾಸ್ತಿ ದಿನ ಉಳಿಯುತ್ತದೆ, ಅದೂ ಸ್ಕಿನ್ನರ್ ಅವರೇ ಕಂಡುಕೊಂಡಿದ್ದು.

ಒಂದು ವಿಷಯದಲ್ಲಿ ನಾನು ಅವರ ಮಾತು ಒಪ್ಪಲ್ಲ. ನಡವಳಿಕೆಗೆ ಕಾರಣವನ್ನು ಮನಸ್ಸಿನೊಳಗೆ ಹುಡುಕಬೇಡಿ, ಸುತ್ತಮುತ್ತ ಹುಡುಕಿ ಅಂದರು ಅವರು. ನೀನು ಹಿಂದಿನ ಬೆಂಚಿನ ಹುಡುಗನಿಗೆ ಏನು ಅನ್ನಿಸುತ್ತಿದೆ ಅಂತ ಅವನನ್ನೇ ಕೇಳು. ಬೆಳಿಗ್ಗೆ ತಿಂಡಿ ತಿಂದು ಬಂದಿದ್ದಾನಾ ಅಂತಲೂ ಕೇಳು. ಈ ಎರಡನೇ ಪ್ರಶ್ನೆಗೆ ಸ್ಕಿನ್ನರ್ ಕೂಡ ತಲೆಯಾಡಿಸುತ್ತಿದ್ದರು.

ಸೋಮವಾರ ಕಳೆಯುವ ಲೆಕ್ಕದಿಂದಲೇ ಶುರು ಮಾಡು. ಏನಾಯಿತು ಅಂತ ಬರೆ.

ಇಂತಿ,
ನಿನ್ನ ದೊಡ್ಡಪ್ಪ